ಮೊಗಮರೆಯರ ಪೀಠ

"ಸಂಜೆ ಹೊತ್ತಿಗೆ ಗವಿಯ ಬಾಯಿಗೆ ಗೋಡೆ ಕಟ್ತಾರೆ," ಎಂದರು ನೀರಿನ ಕಚೇರಿಯ ಮುದಿ ಮೇಸ್ತ್ರಿ. "ಅಷ್ಟರೊಳಗೆ ಅವನನ್ನ ಹೊರಗೆ ತರಬೇಕು. ಆಮೇಲೆ ದೇವರೇ ಗತಿ."

ಅಕ್ಕ ಹಗ್ಗ ಹೊಸೆಯುವವಳು. ಕೈಯಲ್ಲಿದ್ದ ನಾರನ್ನು ಕೊಕ್ಕೆಗೆ ಸಿಕ್ಕಿಸಿ, ಹೊಸ ಹಗ್ಗದ ಸುರುಳಿಯೊಂದನ್ನು ಹೆಗಲಿಗೇರಿಸಿಕೊಂಡಳು. ಅವಳ ಗಂಡ ನೀರುಗಂಟಿ. ಊರಿನ ನಲ್ಲಿಗಳಿಗೆ ನೀರು ಬಿಡುವ ತೂಬು ಗವಿಯೊಳಗಿದೆ. ಅದರ ಕಸ ತೆಗೆಯಲು ಹೋದವನು ಮೂರು ದಿನವಾದರೂ ಮರಳಿರಲಿಲ್ಲ. ಹುಡುಕಲು ಹೋದ ಇಬ್ಬರು ಅರ್ಧ ದಾರಿಯಿಂದಲೇ ಎದ್ದೆನೋ ಬಿದ್ದೆನೋ ಎಂದು ಓಡಿಬಂದಿದ್ದರು. ಅವರಲ್ಲೊಬ್ಬನಿಗೆ ಇನ್ನೂ ಮಾತು ಬಂದಿಲ್ಲ. ಇನ್ನಾರೂ ಒಳಗೆ ಹೋಗದಂತೆ ಗವಿ ಮುಚ್ಚಲು ಊರವರು ತೀರ್ಮಾನಿಸಿದ್ದರು.

"ನಾನೂ ಬರ್ತೀನಿ," ಎಂದಳು ತಂಗಿ. ಅವಳು ಲಾಟೀನು ರಿಪೇರಿ ಮಾಡುವವಳು, ಹತ್ತು ಕೇಳಿದರೆ ಒಂದು ಹೇಳುವವಳು.

"ನೀನಾ? ಜಿರಳೆ ಕಂಡ್ರೆ ಮಂಚ ಹತ್ತೋಳು!"

"ಒಳಗೆ ದೀಪ ಕೆಟ್ರೆ ನೀನು ಸರಿಮಾಡ್ತೀಯೇನಕ್ಕಾ?"

ಅಕ್ಕ ಲಾಟೀನನ್ನು ತಂಗಿಯ ಕೈಗಿಟ್ಟಳು.

ಗವಿಯ ಬಾಯಲ್ಲಿ ಇಟ್ಟಿಗೆ ಆಗಲೇ ಬಂದು ಬಿದ್ದಿತ್ತು. ಒಳಗೆ ಕಾಲಿಡುವ ಮುಂಚೆ ಮೇಸ್ತ್ರಿ ಮೊಗಮರೆಯರ ಸಂಗತಿ ಹೇಳಿದರು. ಅವರು ಒಂದು ಕಾಲದ ಅರಸು ಮನೆತನ. ಶತ್ರುಗಳು ನುಗ್ಗಿದ ದಿನ ಅರಸ ಪೀಠದಿಂದೆದ್ದು, ಅದನ್ನೂ ಹೊರಿಸಿಕೊಂಡು, ಪರಿವಾರದೊಂದಿಗೆ ಗವಿಯ ಒಳಭಾಗಕ್ಕೆ ಓಡಿದ. ನಂಬಿದ ಜನ ಬೆನ್ನ ಹಿಂದೆಯೇ ಬರುತ್ತಿದ್ದರೂ ಕಲ್ಲಿನ ಬಾಗಿಲು ಎಳೆಸಿದ. ಹೊರಗಿನ ಕೂಗು ಏಳು ದಿನ ಕೇಳಿಸಿತಂತೆ. ಎಂಟನೆಯ ದಿನ ನಿಂತುಹೋಯಿತು. ಆ ನಾಚಿಕೆಗೆ ಅವರು ಮತ್ತೆ ಯಾರಿಗೂ ಮುಖ ತೋರಿಸಲಿಲ್ಲ. ತಲೆಮಾರುಗಳು ಕತ್ತಲಲ್ಲೇ ಹುಟ್ಟಿ ಕತ್ತಲಲ್ಲೇ ಸತ್ತವು. ಈಗ ಅವರು ಮನುಷ್ಯರಾಗಿ ಉಳಿದಿಲ್ಲ.

"ಎರಡೇ ಮಾತು. ಅವರ ಮುಖ ನೋಡ್ಬೇಡಿ. ಏನೇ ಆದ್ರೂ ಓಡ್ಬೇಡಿ. ಓಡೋರನ್ನ ಕಂಡ್ರೆ ಅವರಿಗೆ ತಮ್ಮ ಪಾಪವೇ ಎದ್ದು ಬಂದ ಹಾಗಾಗುತ್ತೆ."

"ನೀವು ನೋಡಿದೀರಾ?" ತಂಗಿ ಕೇಳಿದಳು.

"ಒಂದ್ಸಲ. ಮೂವತ್ತಕ್ಕೇ ನನ್ನ ಕೂದಲು ಬೆಳ್ಳಗಾಗಿದ್ದು ಅದಕ್ಕೇ."

"ನಿಮ್ಮ ತಲೇಲಿ ಕೂದಲೆಲ್ಲಿದೆ ಮೇಸ್ತ್ರಿ?" ಎಂದಳು ಅಕ್ಕ.

ಯಾರೂ ನಗಲಿಲ್ಲ.

ಗವಿ ಮೊದಲು ಅಗಲವಾಗಿತ್ತು. ಛಾವಣಿಯಿಂದ ಹಳದಿ ಕಲ್ಲಿನ ಜೋಲುಗಳು ಕರಗಿದ ಮೇಣದಂತೆ ಇಳಿದಿದ್ದವು. ಕಾಲುವೆಯ ಪಕ್ಕದ ಅಂಚು ಪಾಚಿಯಿಂದ ಜಾರುತ್ತಿತ್ತು. ಮುಂದೆ ಹೋದಂತೆ ಗೋಡೆಗಳು ಹತ್ತಿರವಾದವು, ನೀರಿನ ಸದ್ದು ನೆಲದಡಿಗೆ ಇಳಿಯಿತು, ಲಾಟೀನಿನ ಬೆಳಕು ಮೂರು ಮಾರು ದೂರಕ್ಕೇ ಸೋತು ನಿಂತಿತು. ಕಲ್ಲಿನ ಬಾಗಿಲು ಸಿಕ್ಕಿತು. ನೀರು ಕೊರೆದು ಅದರ ಪಕ್ಕದಲ್ಲಿ ಒಬ್ಬರು ನುಸುಳುವಷ್ಟು ಸಂದಿಯಾಗಿತ್ತು. ಮೂವರೂ ನುಸುಳಿದರು.

ಅಲ್ಲೊಂದು ಬೆನ್ನು ನಿಂತಿತ್ತು.

ಉದ್ದ, ಬೆಳ್ಳಗಿನ ಬೆನ್ನು. ತಲೆಯ ಸುತ್ತ ಮೂಳೆಯೇ ಚರ್ಮ ಸೀಳಿ ಕಿರೀಟದಂತೆ ಎದ್ದಿತ್ತು. ಎರಡೂ ಕೈ ಮುಖದ ಮೇಲೆ. ಅದು ತಿರುಗಲಿಲ್ಲ. ಹಿಂಹಿಂದಕ್ಕೆ ಹೆಜ್ಜೆಯಿಡುತ್ತಾ, ಇವರ ಕಡೆಗೇ ಬಂತು.

ತಂಗಿ ಲಾಟೀನು ತಗ್ಗಿಸಿದಳು. ಬೆನ್ನು ಒಂದು ಗೇಣು ದೂರದಲ್ಲಿ ನಿಂತು, ಏನನ್ನೋ ಆಲಿಸಿ, ದಾರಿ ಬಿಟ್ಟಿತು.

ಒಳಗೆ ದೊಡ್ಡ ಪಡಸಾಲೆ. ನಡುವೆ ಕಲ್ಲಿನ ಪೀಠ. ಸುತ್ತಲೂ ನಲವತ್ತು ಐವತ್ತು ಬೆನ್ನುಗಳು. ಪೀಠದ ಮೇಲೆ, ತೊಡೆಯ ಮೇಲೆ ಬುತ್ತಿ ಡಬ್ಬಿ ಇಟ್ಟುಕೊಂಡು, ನೀರುಗಂಟಿ ಕೂತಿದ್ದ.

"ಏನ್ರೀ ಇದು?" ಅಕ್ಕ ಪಿಸುಗುಟ್ಟಿದಳು.

"ಊಟಕ್ಕೆ ಕೂತೆ ಕಣೇ. ಎಲ್ಲಾ ಕಡೆ ಒದ್ದೆ. ಒಣಗಿದ ಕಲ್ಲು ಇದೊಂದೇ ಇತ್ತು."

"ಕೂರೋಕೆ ಸಿಂಹಾಸನವೇ ಬೇಕಾಗಿತ್ತಾ ನಿಮಗೆ!"

"ಬೋರ್ಡು ಹಾಕಿದ್ರಾ? ಕುಡಿಯೋಕೆ ನೀರು ತಂದಿಡ್ತಾರೆ. ಎದ್ದು ನಾಲ್ಕು ಹೆಜ್ಜೆ ಹೋದ್ರೆ ಮೈಮೇಲೆ ಬಿದ್ದು ವಾಪಸ್ ಕೂರಿಸ್ತಾರೆ." ಅವನ ಅಂಗಿ ಹರಿದಿತ್ತು. ಬೆನ್ನ ತುಂಬ ಉಗುರಿನ ಗೀರು.

ಇಷ್ಟು ಕಾಲ ಆ ಪೀಠದಲ್ಲಿ ಕೂರುವ ಧೈರ್ಯ ಅವರಲ್ಲಿ ಯಾರಿಗೂ ಬಂದಿರಲಿಲ್ಲ. ಈಗ ಕೂತವನೊಬ್ಬ ಸಿಕ್ಕಿದ್ದಾನೆ. ಅವನೂ ಎದ್ದು ಓಡುವುದನ್ನು ಅವರು ಸಹಿಸಲಾರರು.

ಅಕ್ಕ ಗೀರುಗಳನ್ನೇ ನೋಡಿದಳು. "ಎದ್ದಾಗ ಬೆನ್ನು ತಿರುಗಿಸಿದ್ರಾ?"

"ಮತ್ತೆ? ಹೋಗೋರು ಹೇಗೆ ಹೋಗ್ತಾರೆ?"

"ನಾನು ಹೋಗೋ ಹಾಗೆ."

ಹಗ್ಗ ಹೊಸೆಯುವವರು ರಾಟೆಯ ಕಡೆ ಮುಖ ಮಾಡಿ, ನಾರು ಬಿಡುತ್ತಾ ಹಿಂದಕ್ಕೆ ನಡೆಯುತ್ತಾರೆ. ಹನ್ನೆರಡು ವರ್ಷದಿಂದ ಅವಳ ದುಡಿಮೆಯೆಲ್ಲ ಅದೇ ನಡಿಗೆ. ಗಂಡನ ಸೊಂಟಕ್ಕೂ ತನ್ನ ಸೊಂಟಕ್ಕೂ ಹಗ್ಗ ಬಿಗಿದಳು.

"ಹಿಮ್ಮಡಿಯಿಂದ ನೆಲ ಸವರಿ. ಆಮೇಲೆ ಭಾರ ಬಿಡಿ. ಕಣ್ಣು ಪೀಠದ ಮೇಲಿರಲಿ."

ಅವನು ಎದ್ದ. ಐವತ್ತು ಬೆನ್ನುಗಳು ಒಟ್ಟಿಗೆ ಸೆಟೆದವು.

ಒಂದು ಹೆಜ್ಜೆ. ಎರಡು. ನಾಲ್ಕು. ಐದು.

ಯಾರೂ ಮೇಲೆ ಬೀಳಲಿಲ್ಲ. ಆದರೆ ಹಿಂಬಾಲಿಸಿದರು. ಉಗುರು ಕಲ್ಲಿಗೆ ತಾಗುವ ಸದ್ದು, ಹೆಜ್ಜೆಗೊಂದು ಹೆಜ್ಜೆ.

"ಎಡಕ್ಕೆ ಗುಂಡಿ. ಈಗ ಮೆಟ್ಟಿಲು," ತಂಗಿ ದಾರಿ ಹೇಳುತ್ತಾ ಹೋದಳು. ಅಷ್ಟು ಮಾತು ಅವಳು ವರ್ಷದಲ್ಲಿ ಆಡಿರಲಿಲ್ಲ. ಅಕ್ಕ, ಭಾವ ಸಂದಿಯಲ್ಲಿ ನುಸುಳಿ ಆಚೆಗಾದರು.

ಆಗ ಒಂದು ಬೆನ್ನು ಮೇಸ್ತ್ರಿಯ ಹೆಗಲಿಗೆ ತಾಗಿತು.

ಓಡಬೇಡಿ ಎಂದಿದ್ದ ಮೇಸ್ತ್ರಿಯೇ ಓಡಿದರು.

ಎರಡು ಹೆಜ್ಜೆಗೆ ಪಾಚಿಯಲ್ಲಿ ಜಾರಿ, ಕಾಲು ಬಂಡೆಗಳ ನಡುವೆ ಸಿಕ್ಕಿಕೊಂಡಿತು. ಲಾಟೀನಿಗೆ ಅವರ ಕೈ ಬಡಿದು ಗಾಜು ಒಡೆಯಿತು. ಕತ್ತಲು. ಉಗುರುಗಳ ಸದ್ದು ಮಳೆಯಂತೆ ನುಗ್ಗಿತು.

"ಬಾರೇ! ಸಂದಿಗೆ ಬಾ!" ಆಚೆಯಿಂದ ಅಕ್ಕ ಕಿರುಚಿದಳು.

ಸಂದಿ ಒಂದು ಮಾರು ದೂರ. ತಂಗಿಯ ಕಾಲು ಹೊರಟೂ ಆಗಿತ್ತು.

"ಬಿಟ್ಹೋಗ್ಬೇಡ ಮಗಾ," ಎಂದರು ಮೇಸ್ತ್ರಿ.

ಅವಳು ಕೂತುಬಿಟ್ಟಳು. ತಡಕಾಡಿ ಅವರ ಕೈ ಹಿಡಿದು, ಸದ್ದು ಬರುವ ಕಡೆ ಮುಖ ಮಾಡಿದಳು. "ಓಡಲ್ಲ," ಎಂದಳು. ಮತ್ತೆ ಹೇಳಿದಳು. "ಇವರನ್ನ ಬಿಟ್ಟು ಓಡಲ್ಲ!"

ಸದ್ದು ನಿಂತಿತು.

ತಣ್ಣನೆಯ ಅಂಗೈಯೊಂದು ಅವಳ ಹಣೆ ಮುಟ್ಟಿತು. ಹುಬ್ಬು, ಕಣ್ಣು, ಮೂಗು, ನಿಧಾನವಾಗಿ ತುಟಿ. ಮುಖ ನಿಜವಾಗಿಯೂ ತನ್ನ ಕಡೆಗಿದೆಯೇ ಎಂದು ಅದು ಖಚಿತ ಮಾಡಿಕೊಳ್ಳುತ್ತಿತ್ತು. ಅಂಗೈ ಒದ್ದೆಯಾಗಿತ್ತು. ತುಟಿಗೆ ಉಪ್ಪು ಹತ್ತಿತು. ಗವಿಯ ನೀರು ಸಿಹಿನೀರೆಂದು ಅವಳಿಗೆ ಗೊತ್ತು.

ಆಮೇಲೆ ಬಂಡೆ ಜರುಗಿದ ಸದ್ದು. ಮೇಸ್ತ್ರಿಯ ಕಾಲು ಸಡಿಲವಾಯಿತು. ಯಾರು ಜರುಗಿಸಿದರೆಂದು ಇಬ್ಬರೂ ಕೇಳಲಿಲ್ಲ. ಉಗುರುಗಳು ಒಂದೊಂದಾಗಿ ದೂರವಾದವು.

ಅಕ್ಕ ಎಸೆದ ಹಗ್ಗದ ಉಳಿದ ತುದಿ ಹಿಡಿದು, ಕಾಲುವೆಯ ಅಂಚನ್ನು ಕೈಯಲ್ಲೇ ಸವರುತ್ತಾ, ಮೇಸ್ತ್ರಿಯನ್ನು ಎಳೆದುಕೊಂಡು ನಾಲ್ವರೂ ಹೊರಬಿದ್ದಾಗ ಬಿಸಿಲು ಇನ್ನೂ ಇತ್ತು. ಗಾರೆಯವರು ಕರಣೆ ಕೈಬಿಟ್ಟು ಓಡಿಬಂದರು. ಯಾರೋ ಭಾವನಿಗೆ ಸ್ಟೂಲು ತಂದಿಟ್ಟರು.

"ತೆಗೀರಪ್ಪಾ ಅದನ್ನ! ಈ ವಾರವೆಲ್ಲ ನಿಂತೇ ಇರ್ತೀನಿ."

ಅಕ್ಕ ನಕ್ಕಳು. ನಗುತ್ತಲೇ ಅವನ ಸೊಂಟದ ಗಂಟು ಬಿಚ್ಚಲು ಹೋದಳು. ಒದ್ದೆಯಾಗಿ ಬಿಗಿದಿದ್ದ ಗಂಟು ಸಡಿಲಾಗಲಿಲ್ಲ.

"ಮುಖ ನೋಡಿದ್ಯಾ? ಹೇಗಿತ್ತು?" ಗಾರೆಯವನೊಬ್ಬ ತಂಗಿಯನ್ನು ಕೇಳಿದ.

"ಕತ್ತಲಿತ್ತು," ಎಂದಳು ಅವಳು. ಅಕ್ಕನ ಕೈ ಸರಿಸಿ, ಗಂಟಿಗೆ ತಾನೇ ಉಗುರು ಹಾಕಿದಳು.