ಮುರಿಯದ ಹಳದಿ ಗೆರೆ

ಬಸ್ಸಿನ ಮುಂದಿನ ಚಕ್ರದಡಿಯಿಂದ ಹೊರತೆಗೆದ ದೇಹ ಅದೇ ಬಸ್ ಕಂಪನಿಯ ಮೆಕ್ಯಾನಿಕ್‌ನದು. ವರ್ಕ್‌ಶಾಪಿನ ಗೇಟಿನೆದುರು, ರಸ್ತೆ ಇಳಿಜಾರಾಗುವ ಕಡೆ, ನಡು ಮಧ್ಯಾಹ್ನ ನಡೆದ ಅಪಘಾತ. ಅವನ ತೋರುಬೆರಳಿನಲ್ಲಿ ಹಳದಿ ಬಣ್ಣದ ಹಳೆಯ ಕಲೆ ಇತ್ತು.

ಜನ ಡ್ರೈವರನ್ನು ಹಿಡಿದು ಬಡಿದಿದ್ದರು. ಕುಡಿದಿದ್ದ ಎಂದು ಎಲ್ಲರ ಬಾಯಲ್ಲೂ ಒಂದೇ ಮಾತು. ಇನ್ಸ್‌ಪೆಕ್ಟರ್ ಮೇಡಂ ರಕ್ತಪರೀಕ್ಷೆ ಮಾಡಿಸಿದಳು. ಒಂದು ತೊಟ್ಟೂ ಕುಡಿದಿರಲಿಲ್ಲ.

"ಬೆಳಗ್ಗೆಯಿಂದ ನಾಲ್ಕು ಟ್ರಿಪ್ ಹೊಡೆದಿದ್ದೆ, ಮೇಡಂ. ಅಲ್ಲಿ ಬ್ರೇಕ್ ತುಳಿದ್ರೆ ಪೆಡಲ್ ನೆಲಕ್ಕೇ ಹೋಯ್ತು. ಅವರು ರಸ್ತೆ ಮಧ್ಯೆ ಎರಡೂ ಕೈ ಎತ್ತಿ ನಿಂತಿದ್ರು."

"ಯಾಕೆ ನಿಂತಿದ್ರು?"

"ಗೊತ್ತಿಲ್ಲ."

* * *

ವರ್ಕ್‌ಶಾಪ್ ಮ್ಯಾನೇಜರಿಗೆ ಎಲ್ಲವೂ ಗೊತ್ತಿತ್ತು. ಅವನು ರಿಜಿಸ್ಟರ್ ತೆರೆದು ಬೆರಳಿಟ್ಟ. ಅಪಘಾತದ ಹಿಂದಿನ ಸಂಜೆ ಬ್ರೇಕ್ ಪರೀಕ್ಷಿಸಲಾಗಿದೆ, ಕೆಳಗೆ ಮೆಕ್ಯಾನಿಕ್‌ನ ರುಜು.

"ಅವನೇ ನೋಡಿದ ಬ್ರೇಕು, ಅವನ ಮೇಲೇ ಹೋಯ್ತು. ಏನ್ ಮಾಡೋಕಾಗುತ್ತೆ? ಪರಿಹಾರ ಇಲ್ಲ ಅಂತ ಮನೆಗೆ ಕಾಗದ ಕಳಿಸಿದೀವಿ."

ಮಣ್ಣು ಮಾಡಿ ಮೂರು ದಿನವಾಗಿರಲಿಲ್ಲ. ಮೇಡಂಗೆ ಮೈಯೆಲ್ಲ ಉರಿಯಿತು. ಸತ್ತವನು ಎದ್ದು ಬಂದು ಇಲ್ಲ ಎನ್ನುತ್ತಾನೆಯೇ? ಅವಳು ಬಸ್ಸೆಲ್ಲಿ ಎಂದು ಕೇಳಿದಳು. ಅಪಘಾತದ ದಿನವೇ ಕಂಪನಿಯವರು ಎಳೆದು ಶೆಡ್ಡಿಗೆ ತಂದಿದ್ದರು. ಬಿಟ್ಟುಕೊಟ್ಟವನು ಅವಳದೇ ಠಾಣೆಯ ಪೇದೆ. ಅವನಿಗೆ ಸಿಕ್ಕ ಬೈಗುಳ ಇಲ್ಲಿ ಬರೆಯುವಂಥದ್ದಲ್ಲ.

* * *

ಮೆಕ್ಯಾನಿಕ್‌ನ ಹೆಂಡತಿ ಅಡುಗೆಮನೆಯಲ್ಲೇ ಕುಳಿತಿದ್ದಳು. ಕಂಪನಿಯ ಕಾಗದ ಸೆರಗಿನ ಗಂಟಿನಲ್ಲಿತ್ತು.

"ಆ ಬಸ್ಸಿನ ಬ್ರೇಕ್ ಪೈಪಿನ ನಟ್ ಸವೆದಿದೆ, ಪೈಪೇ ಬದಲಿಸ್ಬೇಕು, ಹೊರಗೆ ಬಿಡ್ಬೇಡಿ ಅಂತ ಮ್ಯಾನೇಜರಿಗೆ ಹೇಳಿ ಬಂದಿದೀನಿ ಅಂದ್ರು, ಹಿಂದಿನ ದಿನ. ಮಾರನೇ ದಿನ ಮಗಳ ಶಾಲೆಗೆ ಹೋಗಿ ಮಧ್ಯಾಹ್ನ ಕೆಲಸಕ್ಕೆ ಹೊರಟ್ರು. ಅಷ್ಟೇ."

"ಸಾಕ್ಷಿ ಯಾರಾದ್ರೂ ಇದಾರಾ, ಅಕ್ಕ?"

ಅವಳು ಇಲ್ಲವೆಂದು ತಲೆಯಾಡಿಸಿದಳು. ಮೇಡಂ ಕಣ್ಣು ಒಲೆಯ ಕಡೆ ಹೋಯಿತು. ಗ್ಯಾಸ್ ಪೈಪಿನ ನಟ್ಟಿನಿಂದ ಪಕ್ಕದ ಪಟ್ಟಿಯವರೆಗೆ ಒಂದು ಹಳದಿ ಗೆರೆ.

"ಇದೇನು?"

"ನಮ್ಮನೆಯವ್ರ ಹುಚ್ಚು. ನಟ್ ಬಿಗಿ ಮಾಡಿದ್ಮೇಲೆ ಗೆರೆ ಎಳೆಯೋರು. ನಟ್ ತಿರುಗಿದ್ರೆ ಗೆರೆ ಮುರಿಯುತ್ತೆ, ದಿನಾ ನೋಡ್ತಿರು ಅನ್ನೋರು."

ಮೇಡಂ ಮುಂದಿಟ್ಟ ಚಹಾವನ್ನೂ ಮುಟ್ಟದೆ ಎದ್ದಳು.

* * *

ಪೇದೆಯನ್ನು ಕರೆದುಕೊಂಡು ಶೆಡ್ಡಿಗೆ ಹೋಗಿ ಬಸ್ಸಿನಡಿ ಟಾರ್ಚ್ ಹಿಡಿದಳು. ಬ್ರೇಕ್ ಪೈಪಿನ ನಟ್ಟಿನ ಮೇಲೆ ಹಳದಿ ಗೆರೆ ಇತ್ತು.

"ನೋಡಿದ್ರಾ?" ಮ್ಯಾನೇಜರ್ ಬೀಗಿದ. "ಅವನ ಗುರುತೇ. ಬೇರೆ ಬಸ್ಸುಗಳಲ್ಲೂ ಇದೆ."

ಮೇಡಂ ನಟ್ಟನ್ನು ಎರಡು ಬೆರಳಲ್ಲಿ ಹಿಡಿದು ತಿರುಗಿಸಿದಳು. ಅದು ಸಲೀಸಾಗಿ ತಿರುಗಿತು. ಅಲ್ಲಿಯವರೆಗೆ ನೆಟ್ಟಗಿದ್ದ ಗೆರೆ ಅವಳ ಕಣ್ಣೆದುರೇ ಎರಡು ತುಂಡಾಯಿತು.

"ನಟ್ ಸಡಿಲಾಗಿ ಎಣ್ಣೆ ಸೋರಿದ್ದಕ್ಕೇ ಬ್ರೇಕ್ ಹೋಗಿದ್ದು. ಸಡಿಲಾದ ನಟ್ ತಿರುಗಿರಲೇಬೇಕು. ಗೆರೆ ಯಾಕೆ ಮುರಿದಿರಲಿಲ್ಲ?"

"ಬಿಗಿ ಮಾಡದೇ ಗೆರೆ ಎಳೆದಿರ್ಬೇಕು, ಸೋಂಬೇರಿ."

"ಹಾಗಿದ್ರೆ ಮೊದಲ ಬ್ರೇಕಿಗೇ ಎಣ್ಣೆ ಸೋರಿ ಬಸ್ಸು ಗೇಟ್ ದಾಟ್ತಿರಲಿಲ್ಲ. ನಾಲ್ಕು ಟ್ರಿಪ್ ಓಡಿದೆ." ಅವಳು ಉಗುರಿನಿಂದ ಬಣ್ಣ ಕೆರೆದಳು. ಅದರಡಿ ಸೋರಿದ ಎಣ್ಣೆ, ಎಣ್ಣೆಗೆ ಮೆತ್ತಿದ ಧೂಳು. "ಎಣ್ಣೆ ಸೋರಿದ ಮೇಲೆ ಬಳಿದ ಬಣ್ಣ ಇದು. ಅಷ್ಟೊತ್ತಿಗೆ ಅವನು ಹೆಣವಾಗಿದ್ದ. ಬ್ರಷ್ ಹಿಡಿದದ್ದು ಯಾರು?"

"ನಾನಲ್ಲ," ಎಂದ ಮ್ಯಾನೇಜರ್.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಂಡಂತೆ, ಅವನು ಕೈಯನ್ನು ಬೆನ್ನ ಹಿಂದೆ ಸರಿಸಿದ್ದ. ಪೇದೆ ಎಳೆದು ತೋರಿಸಿದ. ಉಗುರಿನ ಸಂದಿಯಲ್ಲಿ ಹಳದಿ.

"ಜನ್ಮದಲ್ಲಿ ಸ್ಪ್ಯಾನರ್ ಹಿಡಿಯದವನು ನೀನು," ಎಂದಳು ಮೇಡಂ. " ಗೆರೆ ಅಂದ್ರೆ ರುಜು ಅಂದ್ಕೊಂಡೆ. ರಿಜಿಸ್ಟರಲ್ಲಿ ಒಂದು ಕಳ್ಳ ರುಜು, ಇಲ್ಲೊಂದು."

"ಬಸ್ಸು ಕಡಿಮೆ ಇತ್ತು, ಮೇಡಂ," ಎಂದ ಅವನು. "ಒಂದು ದಿನ ತಡೆಯುತ್ತೆ ಅಂದ್ಕೊಂಡೆ."

* * *

ಮೇಡಂ ಹೆಂಡತಿಯ ಎದುರು ನೆಲದ ಮೇಲೆ ಕುಳಿತು ಎಲ್ಲವನ್ನೂ ಹೇಳಿದಳು.

"ಬಿಡ್ಬೇಡಿ ಅಂದ ಬಸ್ಸು ರಸ್ತೇಲಿ ಬರೋದು ಕಂಡ್ರು. ಇಳಿಜಾರಿಗೆ ಇಳಿಯೋ ಮೊದಲೇ ನಿಲ್ಲಿಸೋಕೆ ಕೈ ಎತ್ತಿ ನಿಂತ್ರು, ಅಕ್ಕ. ನಿಮಗೆ ಪರಿಹಾರ ಸಿಗುತ್ತೆ."

ಅವಳು ಸೆರಗಿನ ಗಂಟು ಬಿಚ್ಚಿ ಕಾಗದ ಮುಂದಿಟ್ಟಳು.

"ಮೃತನ ನಿರ್ಲಕ್ಷ್ಯ ಅಂತ ಬರ್ದಿದಾರೆ. ದುಡ್ಡು ಆಮೇಲಾಗ್ಲಿ. ಮೊದ್ಲು ಆ ಸಾಲನ್ನ ಬರೆದೋರ ಕೈಲೇ ಹೊಡೆದು ಹಾಕ್ಸಿ, ಮೇಡಂ. ನನ್ನ ಮಗಳ ಎದುರಿಗೇ."