ಮಂಜಿ ಒಡೆಯದ ಬಳೆ

"ಏಯ್! ಎಂತ ಅದು ಕೈಯಲ್ಲಿ? ನನ್ನ ಕಡೆಗೆ ಯಾಕೆ ಹಿಡೀತೆ?"

ಹೊನ್ನಾವರದ ಮೀನುಪೇಟೆಯೆಲ್ಲ ತಿರುಗಿ ನೋಡಿತು. ಮಂಜಿ ಬಂಗಡೆ ಬುಟ್ಟಿ ಕೆಳಗಿಟ್ಟು, ಸೊಂಟಕ್ಕೆ ಕೈಕೊಟ್ಟು ನಿಂತಿದ್ದಳು. ಎದುರಿಗೆ ಪ್ಯಾಂಟು ತೊಟ್ಟ ಯುವಕ, ಅವನ ಕಣ್ಣಿಗೊತ್ತಿದ ಸಣ್ಣ ಕ್ಯಾಮೆರಾ.

"ಪಿಚ್ಚರ್ ತೆಗೀತೆ. ಹಾಂಗೇ ಸಿಟ್ಟು ಮಾಡ್ತಾ ಇರು, ಚೆಂದ ಬತ್ತದೆ!"

ಮೀನು ತೊಳೆದ ನೀರನ್ನು ಎತ್ತಿ ಅವನ ಮೇಲೆ ಸುರಿದೇಬಿಟ್ಟಳು ಮಂಜಿ! ಅವನು ಕ್ಯಾಮೆರಾವನ್ನು ಮಾತ್ರ ಎದೆಗೆ ಅವುಚಿಕೊಂಡು, ತಾನು ಪೂರ್ತಿ ತೊಯ್ದ. ಪೇಟೆಯೆಲ್ಲ ನಕ್ಕಿತು. ಅವನೂ ನಕ್ಕ. ಆ ನಗು ಕಂಡು ಮಂಜಿಯ ಸಿಟ್ಟು ಎಲ್ಲಿಗೋ ಓಡಿಹೋಯಿತು... ಅದಕ್ಕೇ ಅವಳಿಗೆ ಇನ್ನಷ್ಟು ಸಿಟ್ಟು ಬಂತೆನ್ನಿ.

ಅವನ ಹೆಸರು ಶನಿಯಾರ. ಕುಮಟೆ ಕಡೆಯ ಮೀನುಗಾರರ ಮಗ. ಮುಂಬಯಿಯ ಸ್ಟುಡಿಯೋದಲ್ಲಿ ಫಿಲ್ಮ್ ಕತ್ತರಿಸಿ ಅಂಟಿಸುವ ಕೆಲಸ ಕಲಿತು, ೧೯೬೩ರಲ್ಲಿ ಊರಿಗೆ ಮರಳಿದ್ದ. ನಮ್ಮ ಜನರ ಕತೆಯನ್ನು ನಾನೇ ಚಿತ್ರ ಮಾಡಿ ತೋರಿಸುತ್ತೇನೆ ಎಂಬ ಹಟ! ಹಿಂದೆ ಕಂಪನಿಯಿಲ್ಲ, ಧಣಿಯಿಲ್ಲ. ನಿರ್ದೇಶನ ಅವನದೇ, ನಾಯಕನೂ ಅವನೇ, ಎಡಿಟಿಂಗೂ ಅವನದೇ. ಅವನು ನಟಿಸುವಾಗ ಕ್ಯಾಮೆರಾ ಹಿಡಿಯಲು ಗೆಳೆಯ ಮಾಬ್ಲ. ನಾಯಕಿ ಮಾತ್ರ ಸಿಕ್ಕಿರಲಿಲ್ಲ.

ಮಾರನೇ ದಿನ ಅವನು ಮಂಜಿಯ ಮನೆ ಬಾಗಿಲಿಗೇ ಬಂದ.

"ಮಾಸ್ತಮ್ಮಕ್ಕ, ಪಿಚ್ಚರಲ್ಲಿ ಮೀನುಗಾರನ ಹೆಂಡ್ತಿ ಪಾರ್ಟು ಮಾಡೂಕೆ ನಿಮ್ಮ ಮಗಳು ಬೇಕು."

"ಅವ್ಳನ್ನೇ ಕೇಳು ಮಾರಾಯ. ನನ್ನ ಮಾತು ಅವ್ಳು ಕೇಳೂದು ಅಷ್ಟ್ರಲ್ಲೇ ಇದೆ," ಎಂದಳು ತಾಯಿ.

ಒಳಗಿಂದ ಮಂಜಿ ಹೇಳಿದಳು, "ಆತು, ಬತ್ತೆ. ಆದ್ರೆ ಪೇಟೆಗೆ ಹೋಗೂದು ಬಿಡೂದಿಲ್ಲ!"

ಬೆಳಿಗ್ಗೆ ಮೀನು ಮಾರಿ, ಮಧ್ಯಾಹ್ನ ಅವನ ಹೆಂಡತಿಯಾಗಿ ನಟಿಸಿದಳು. ಗಂಜಿ ಬಡಿಸಿದಳು, ಬಲೆ ಬಿಡಿಸಿದಳು, ಜಗಳವಾಡಿದಳು. ನಟನೆ ಯಾವಾಗ ನಿಜವಾಯಿತೋ ಅವಳಿಗೇ ತಿಳಿಯಲಿಲ್ಲ.

ಅವನಿಗೆ ಇದೆಲ್ಲ ಕಾಣಿಸುತ್ತದೆಯೋ ಇಲ್ಲವೋ... ಬರೀ ಬೆಳಕು ನೋಡ್ತಾನೆ, ನೆರಳು ನೋಡ್ತಾನೆ. ನನ್ನನ್ನು ನೋಡೋದು ಯಾವಾಗ?

ಕೊನೆಯ ದಿನ ಬಂತು. ಕತೆಯಲ್ಲಿ ಗಂಡ ಕಡಲಿಗೆ ಹೋದವನು ಮರಳುವುದಿಲ್ಲ. ಹೆಂಡತಿ ದಂಡೆಯ ಬಂಡೆಗೆ ಕೈ ಬಡಿದು ಬಳೆ ಒಡೆದುಕೊಳ್ಳಬೇಕು. ಶನಿಯಾರ ಒಬ್ಬನೇ ದೋಣಿಯಲ್ಲಿ ಹೊರಟ. ಶರಾವತಿ ಕಡಲಿಗೆ ಸೇರುವಲ್ಲಿ ಸೆಳೆತಕ್ಕೆ ಸಿಕ್ಕಿದ ದೋಣಿ, ಅಲೆಗಳ ಹಿಂದೆ ಕಾಣದೇ ಹೋಯಿತು!

ಎಷ್ಟೋ ಹೊತ್ತಿನ ಮೇಲೆ ಅವನು ದಡ ಮುಟ್ಟಿದ.

"ಶಾಟ್ ಹೆಂಗೆ ಬಂತಾ, ಮಾಬ್ಲ?" ಎಂದು ನಗುತ್ತ ಕೇಳಿದ. ಮಂಜಿಯ ಸೀರೆ ಮೊಣಕಾಲಿನ ಮೇಲಿನವರೆಗೂ ತೊಯ್ದಿತ್ತು. ಅವನು ಗಮನಿಸಲೇ ಇಲ್ಲ.

"ಹೂಂ, ಈಗ ಬಳೆ ಒಡಿ."

"ಒಡೆಯೂದಿಲ್ಲ."

"ಎಂತ?"

"ಒಡೆಯೂದಿಲ್ಲ ಅಂದೆ!"

"ಇದು ಬರೀ ಪಾರ್ಟು, ಮಾರಾಯ್ತಿ! ಸುಳ್ಳು!"

"ಸುಳ್ಳಿಗಾದ್ರೂ ಒಡೆಯೂದಿಲ್ಲ. ಬೇರೆ ಎಂತ ಬೇಕಾದ್ರೂ ಹೇಳು, ಮಾಡ್ತೆ."

ನೀನು ಎದುರಿಗೆ ಉಸಿರಾಡುತ್ತ ನಿಂತಿರುವಾಗ, ನಿನ್ನ ಹೆಸರಿನಲ್ಲಿ ಬಳೆ ಒಡೆಯಲೇನೋ? ಮದುವೆಯಾಗದ ಹೆಣ್ಣು ಇದನ್ನು ಬಾಯಿಬಿಟ್ಟು ಹೇಗೆ ಹೇಳಲಿ...

"ಜನ್ರ ಬಾಯಿಗೆ ಹೆದ್ರಿದೆ ನೀನು!" ಅವನು ಕಿರುಚಿದ. "ಕೊನೇ ಸೀನಿಲ್ಲದೆ ಪಿಚ್ಚರೇ ಇಲ್ಲ. ಅದು ಹಾಳಾದ್ರೆ ನಿಂಗೆಂತ?"

ಆ ಮಾತು ನೇರ ಎದೆಗೆ ನಾಟಿತು.

"ಹೌದು, ನಂಗೆಂತ!" ಎಂದವಳೇ ತಿರುಗಿ ನೋಡದೆ ನಡೆದಳು.

ಶನಿಯಾರ ರೀಲುಗಳನ್ನು ಹೊತ್ತು ಮುಂಬಯಿಗೆ ಹೋದ. ಮಳೆಗಾಲ ಕಳೆಯಿತು. ಮುಂಬಯಿಯ ನಟಿಯೊಬ್ಬಳ ಕೈಯಿಂದ ಬಳೆ ಒಡೆಸಿ ಚಿತ್ರ ಮುಗಿಸಿದನಂತೆ ಎಂಬ ಸುದ್ದಿ ಪೇಟೆಗೆ ಬಂತು. ಮಂಜಿ ಒಲೆ ಊದುವ ನೆಪದಲ್ಲಿ ಅತ್ತಳು. ಆದರೂ ತಾನು ತಪ್ಪು ಮಾಡಿದೆ ಅಂತ ಒಮ್ಮೆಯೂ ಅನ್ನಿಸಲಿಲ್ಲ. ಅವನ ಹಟ ಅವನಿಗೆ, ನನ್ನ ಹಟ ನನಗೆ!

ದೀಪಾವಳಿ ಕಳೆದ ಮೇಲೆ ಚಿತ್ರ ಭಟ್ಕಳದ ಟೆಂಟಿನಲ್ಲಿ ಓಡಿತು. ಆಮೇಲೆ ಕುಮಟೆಯಲ್ಲಿ. ಕೊನೆಗೆ ಹೊನ್ನಾವರಕ್ಕೆ ಬಂತು. ಧ್ವನಿ ಸೇರಿಸಲು ದುಡ್ಡಿಲ್ಲದೆ, ಶನಿಯಾರ ಪರದೆಯ ಪಕ್ಕ ನಿಂತು ಎಲ್ಲರ ಮಾತನ್ನೂ ತಾನೇ ಆಡುತ್ತಿದ್ದ. ಮಾಸ್ತಮ್ಮ ಮಗಳನ್ನು ಎಳೆದುಕೊಂಡೇ ಬಂದಳು.

ಪರದೆಯ ಮೇಲೆ ದೋಣಿ ಮರೆಯಾಯಿತು. ಇನ್ನೊಬ್ಬಳ ಕೈ ನೋಡುವುದು ಬೇಡವೆಂದು ಮಂಜಿ ಎದ್ದುನಿಂತಳು.

ಆದರೆ ಪರದೆಯ ಮೇಲೆ... ಅವಳದೇ ಮುಖ!

ಬಾಯಿಗೆ ಸೆರಗು ತುರುಕಿಕೊಂಡು, ಮೊಣಕಾಲು ದಾಟಿದ ನೀರಿನಲ್ಲಿ ಅವಳು ಮುಂದೆ ಮುಂದೆ ಹೋಗುತ್ತಿದ್ದಳು. ಕಣ್ಣು ದೋಣಿಯನ್ನು ಹುಡುಕುತ್ತಿತ್ತು. ಅದು ನಟನೆಯಾಗಿರಲಿಲ್ಲ. ಇಡೀ ಚಿತ್ರಕ್ಕೆ ಮಾತಾಡಿದ ಶನಿಯಾರನಿಗೆ ಅಲ್ಲಿ ಮಾತೇ ಹೊರಡಲಿಲ್ಲ. ಆ ಮುಖದ ಮೇಲೆಯೇ ಚಿತ್ರ ಮುಗಿಯಿತು. ಟೆಂಟಿನ ತುಂಬ ಹೆಂಗಸರು ಮೂಗು ಒರೆಸಿಕೊಳ್ಳುತ್ತಿದ್ದರು.

ಮಂಜಿ ಹೊರಗೆ ಓಡಿದಳು. ಅವನೂ ಹಿಂದೆಯೇ ಬಂದ.

"ಮಂಜಿ, ನಿಲ್ಲು!"

"ಅದನ್ನ ಯಾವಾಗ ತೆಗ್ದೆ ನೀನು?"

"ನಾ ಎಲ್ಲಿ ತೆಗ್ದೆ? ನಾ ದೋಣಿಲಿದ್ದೆ. ಮಾಬ್ಲ ಹೆದ್ರಿ ಕ್ಯಾಮೆರಾನ ನಿನ್ನ ಕಡೆ ತಿರುಗ್ಸಿದ್ದ. ಮುಂಬಯಿಲಿ ಕತ್ತರಿ ಹಿಡ್ದು ಕೂತಾಗ ಕಂಡೆ. ಪಾರ್ಟು ಮಾಡೂವಾಗ ನಿಂಗೆ ಬೆನ್ನು ಹಾಕಿದ್ದೆ. ಡೈರೆಕ್ಟರ್ ಆದಾಗ ಬೈದೆ. ಎಡಿಟಿಂಗಿಗೆ ಕೂತ ಮೇಲೇ ನಂಗೆ ಬುದ್ಧಿ ಬಂದದ್ದು."

"ಮತ್ತೆ ಆ ಮುಂಬಯಿ ನಟಿ?"

"ಯಾವ ನಟಿ? ಬಳೆ ಒಡೆಯೂ ಸೀನೇ ಬೇಡ ಅಂದೆ. ನನ್ನ ಮಂಜಿ ಒಡೆಯೂದಿಲ್ಲ!"

ನನ್ನ ಮಂಜಿ... ಅವಳಿಗೆ ನಗು, ಅಳು ಎರಡೂ ಒಟ್ಟಿಗೇ ಬಂದವು.

"ಮದ್ವೆ ಆಗ್ತೆಯಾ ನನ್ನ?"

"ನೀ ಪಿಚ್ಚರ್ ಮಾಡೂದು ಬಿಡೂದಿಲ್ಲ ಅಂದ್ರೆ ಆಗ್ತೆ."

ಅವನು ಅವಳ ಕೈ ಹಿಡಿದ. ಮೆಲ್ಲಗೆ ಕೇಳಿದ, "ಆವತ್ತು ನೀರಿಗೆ ಇಳ್ದು ಎಲ್ಲಿಗೆ ಹೊರಟಿದ್ದೆ?"

"ನಿನ್ನ ಕರ್ಕಂಡು ಬರೂಕೆ."

"ನಿಂಗೆ ಈಜು ಬತ್ತದಾ?"

"ಇಲ್ಲ," ಎಂದಳು ಮಂಜಿ.