ಡುವಾಲ್ ಸಾಹೇಬರ ಗೇಟು

"ನಿಲ್ಲೋ! ಸುಟ್ಟುಬಿಡ್ತೀನಿ!"

ನಿಲ್ಲಲಿಲ್ಲ. ಪಿಸ್ತೂಲು ಹಿಡಿದವನು ನಿಲ್ಲು ಅಂದಾಗ ನಿಂತವರು ನನ್ನ ಕಸುಬಿನಲ್ಲಿ ಮುದುಕರಾಗುವುದಿಲ್ಲ!

ಬೆನ್ನ ಮೇಲೆ ಕತ್‌ಬರ್ಟ್ ಅಜ್ಜನ ಸ್ಟೀಲ್ ಡ್ರಮ್ಮು. ಬೆನ್ನ ಹಿಂದೆ ಗ್ಯಾಸ್ಟನ್ ಡುವಾಲ್... ಪೋರ್ಟ್ ಆಫ್ ಸ್ಪೇನ್ ಪಟ್ಟಣದ ಬಿಳಿ ಕುಬೇರ, ಬಿಳಿಯರ ಕ್ಲಬ್ಬಿನ ಮಾಲೀಕ. ತನ್ನ ಗೇಟಿನೆದುರು ಬಾರಿಸಿದ ಎಂದು ಅಜ್ಜನ ಡ್ರಮ್ಮನ್ನೇ ಕಿತ್ತುಕೊಂಡು ಕ್ಲಬ್ಬಿನೊಳಗಿಟ್ಟು ಬೀಗ ಜಡಿಸಿದ್ದ. ಇವತ್ತು ಕಾರ್ನಿವಲ್. ಅಜ್ಜ ತಾನೇ ತಟ್ಟಿ ಶ್ರುತಿ ಕೂಡಿಸಿದ ಡ್ರಮ್ಮು ಅದು. ಅದಿಲ್ಲದೆ ಬ್ಯಾಂಡು ಹೊರಡುವುದಿಲ್ಲ.

"ಅದನ್ನ ಎತ್ಕೊಂಡ್ ಬರೋಕೆ ನೀನೇ ಸರಿ ಕಣೋ ಹಾಲಿಸ್," ಎಂದಿದ್ದ ಅಜ್ಜ.

ನಾನೇ ಸರಿ! ಅಪ್ಪ ಇಂಡಿಯನ್, ಅಮ್ಮ ಆಫ್ರಿಕನ್. ಅಪ್ಪನ ಕಡೆ ಮದುವೆಯಲ್ಲಿ ನಾನು ಕರಿಯ, ಅಮ್ಮನ ಬೀದಿಯಲ್ಲಿ ಇಂಡಿಯನ್. ಯಾವ ಬಾಗಿಲೂ ತೆರೆಯದ್ದರಿಂದ ಕಾಂಪೌಂಡು ಹಾರುವುದು ಚಿಕ್ಕಂದಿನಿಂದ ರೂಢಿ.

ಮೂಲೆ ತಿರುಗಿದೆ. ಆಗಷ್ಟೇ ಬಿಸಿಲು. ಬೀದಿ ತುಂಬ ಜೂವೇ ಜನ! ಜೂವೇ ಅಂದರೆ ಕಾರ್ನಿವಲ್ಲಿನ ಮೊದಲ ಬೆಳಗು; ಮೈಗೆಲ್ಲ ಕೆಸರು ಮೆತ್ತಿಕೊಂಡು ಕುಣಿಯಬೇಕು. ಎದುರಾದವರಿಗೂ ಮೆತ್ತಬೇಕು. ಬೇಡ ಅನ್ನುವ ಹಾಗಿಲ್ಲ.

ದಢೂತಿ ಹೆಂಗಸೊಬ್ಬಳು ಬಕೆಟ್ ಎತ್ತಿ ನನ್ನ ತಲೆ ಮೇಲೆ ಸುರಿದಳು. ಅವಳನ್ನು ತಬ್ಬಿಕೊಳ್ಳಬೇಕು ಅನ್ನಿಸಿತು!

ಡುವಾಲ್ ಏದುಸಿರು ಬಿಡುತ್ತ ಬಂದ. "ಹಿಡೀರಿ! ಆ ಕರಿಯನ್ನ ಹಿಡೀರಿ!"

ಇಡೀ ಬೀದಿ ತಿರುಗಿ ನೋಡಿತು. ಎಲ್ಲರೂ ಕಪ್ಪು ಕೆಸರು!

"ಯಾವ ಕರಿಯ ಸಾರ್?" ಎಂದಳು ಅವಳು. "ಬನ್ನಿ, ಒಳಗೆ ಬಂದು ಆರಿಸ್ಕೊಳ್ಳಿ!"

ದಬಕ್! ಇನ್ನೊಂದು ಬಕೆಟ್. ಪಿಸ್ತೂಲು ಜಾರಿ ಎಲ್ಲಿ ಬಿತ್ತೋ... ಬಿಳಿ ಸೂಟು ಕಾಣೆಯಾಯಿತು.

ನಾನು ಸುತ್ತು ಹಾಕಿ, ಕ್ಲಬ್ಬಿನೆದುರು ಕಾಯುತ್ತಿದ್ದ ಬ್ಯಾಂಡನ್ನು ಸೇರಿದೆ. ಅಜ್ಜ ಡ್ರಮ್ಮನ್ನು ಅಂಗಿಯಿಂದ ಒರೆಸಿ, ಒಂದೇ ಪೆಟ್ಟು ಕೊಟ್ಟು ಕಿವಿಗೊಟ್ಟ.

"ಶ್ರುತಿ ಕೆಟ್ಟಿಲ್ಲ ಕಣೋ!"

ಅವನ ಕಣ್ಣು ತುಂಬಿತ್ತು. ಸುಳ್ಳೇಕೆ, ನನ್ನದೂ!

ಬ್ಯಾಂಡು ಹೊರಟಿತು. ಅಷ್ಟರಲ್ಲಿ ಕ್ಲಬ್ಬಿನ ಗೇಟಿಗೆ ಕೆಸರಿನ ಮುದ್ದೆಯೊಂದು ಬಂದು ಗುದ್ದತೊಡಗಿತು.

"ಎಲ್ಡನ್! ತೆಗಿ! ನಾನು ಡುವಾಲ್!"

ಕಾವಲುಗಾರ ಎಲ್ಡನ್ ನಮ್ಮವನೇ, ಇದ್ದಿಲಿನಷ್ಟು ಕಪ್ಪು. ದೊಣ್ಣೆ ಅಡ್ಡ ಹಿಡಿದ. "ಆಗಲ್ಲಪ್ಪ. ಮುಂದೆ ಹೋಗು."

"ಅಯ್ಯೋ, ನಾನು ಬಿಳಿಯ ಕಣೋ!"

"ಎಲ್ರೂ ಹಾಗೇ ಅಂತಾರೆ."

ಮುದ್ದೆ ಬೈಯುತ್ತ, ಕಾಲೆಳೆಯುತ್ತ ಹೋಯಿತು. ನಾನು ಗೇಟಿನ ಹತ್ತಿರ ಸರಿದೆ.

"ಎಲ್ಡನ್, ನಿನ್ನ ಬಾಸ್ ದನೀನೂ ಗೊತ್ತಾಗ್ಲಿಲ್ವಾ?"

ಎಲ್ಡನ್ ನಗಲಿಲ್ಲ. ಟೋಪಿ ಸರಿಮಾಡಿಕೊಂಡ.

"ದಿನಾ ಬೈಸ್ಕೊಳ್ಳೋ ದನಿ, ಗೊತ್ತಾಗ್ದೆ ಇರತ್ತಾ ಅಣ್ಣಾ? ಆದ್ರೆ ಬಣ್ಣ ನೋಡಿ ಒಳಗ್ ಬಿಡು ಅಂದೋರು ಅವ್ರೇ ಅಲ್ವಾ!"